ನೀರು ಬಂತು, ಯಾರ ಹೊಲಕ್ಕೆ?
ಗೋಕಾಕ, ಮೂಡಲಗಿ, ಹುಕ್ಕೇರಿ: ಒಂದು ನದಿಯ ಬೇರೊಂದು ಚರಿತ್ರೆ

1

ಜಾಗತೀಕರಣ 1991ರಲ್ಲಿ ಬಂತು ಎಂದು ನಮ್ಮ ಕಾಲೇಜುಗಳಲ್ಲಿ ಪಾಠ ಮಾಡುತ್ತಾರೆ. ದಿಲ್ಲಿಯಲ್ಲಿ ಬಜೆಟ್ ಮಂಡನೆ ಆಯಿತು, ಬಾಗಿಲು ತೆರೆಯಿತು, ವಿದೇಶಿ ಬಂಡವಾಳ ಒಳಗೆ ಬಂತು. ಇಷ್ಟು ಬರೆದರೆ ಪರೀಕ್ಷೆಯಲ್ಲಿ ಅಂಕ ಬೀಳುತ್ತವೆ. ಪರಿಸರದ ಪಾಠವೂ ಹೀಗೇ: ಕಾಡು ಕಡಿದರು, ನದಿ ಕೆಟ್ಟಿತು, ಆದ್ದರಿಂದ ಗಿಡ ನೆಡಿರಿ.

ಈ ಎರಡೂ ಪಾಠಗಳನ್ನು ಗೋಕಾಕ ಜಲಪಾತದ ಮುಂದೆ ನಿಂತು ಓದಿ ನೋಡಿರಿ. ಎರಡೂ ಸಾಲೋದಿಲ್ಲ. ಯಾಕೆಂದರೆ ಈ ನೀರಿಗೆ ಲಂಡನ್ನಿನ ಲೆಕ್ಕದ ಪುಸ್ತಕದಲ್ಲಿ ಬೆಲೆ ಬಿದ್ದು ನೂರಾ ನಲವತ್ತು ವರ್ಷ ಆಯಿತು. ಆ ನೀರನ್ನು ಊರಿನ ಬಾವಿಯಿಂದ ಮುಟ್ಟಬೇಡ ಎಂದು ನಮಗೆ ಹೇಳುತ್ತಾ ಬಂದದ್ದಕ್ಕೆ ಎಷ್ಟು ವರ್ಷ ಆಯಿತು ಎಂಬುದು ಮಾತ್ರ ಯಾವ ಪುಸ್ತಕದಲ್ಲೂ ಇಲ್ಲ. ಈ ಎರಡು ಲೆಕ್ಕಗಳನ್ನು ಕೂಡಿಸಿ ಓದಿದಾಗಲೇ ಘಟಪ್ರಭೆಯ ಚರಿತ್ರೆ ಪೂರ್ತಿ ಆಗುತ್ತದೆ ಎಂದು ನಾವು ತಿಳಿದಿದ್ದೇವೆ. ಈ ಬರಹ ಅದಕ್ಕೆ ಒಂದು ಪ್ರಯತ್ನ.

2. ಹತ್ತಿ, ಬರ, ಗಿರಣಿ

1861ರಲ್ಲಿ ಅಮೆರಿಕದ ಉತ್ತರ ಮತ್ತು ದಕ್ಷಿಣದ ರಾಜ್ಯಗಳ ನಡುವೆ ಯುದ್ಧ ಹತ್ತಿತು. ದಕ್ಷಿಣದ ತೋಟಗಳಲ್ಲಿ ಕರಿಯ ಗುಲಾಮರು ಬೆಳೆದ ಹತ್ತಿ ಇಂಗ್ಲೆಂಡಿನ ಗಿರಣಿಗಳಿಗೆ ಹೋಗುವುದು ನಿಂತಿತು. ಮ್ಯಾಂಚೆಸ್ಟರಿನವರ ಕಣ್ಣು ಆಗ ಮುಂಬೈ ಪ್ರಾಂತದ ಎರಿ ಭೂಮಿಯ ಮೇಲೆ ಬಿತ್ತು. ಧಾರವಾಡ, ಬೆಳಗಾವಿ ಕಡೆಯ ಹತ್ತಿಗೆ ಬಂಗಾರದ ಬೆಲೆ ಬಂತು. 1865ರಲ್ಲಿ ಯುದ್ಧ ಮುಗಿಯಿತು, ಬೆಲೆ ಕುಸಿಯಿತು, ಏರಿದ ಬೆಲೆ ನಂಬಿ ಮಾಡಿದ ಸಾಲ ಮಾತ್ರ ಉಳಿಯಿತು. ಮಿಸಿಸಿಪ್ಪಿಯ ಗುಲಾಮನ ಬೆವರಿಗೂ ನಮ್ಮ ಸೀಮೆಯ ಕೂಲಿಯವನ ಬೆವರಿಗೂ ಸಂಬಂಧ ಕಟ್ಟಿದವರು ಯಾರು? ನಾವಲ್ಲ, ಅವನೂ ಅಲ್ಲ. ಒಬ್ಬರ ಮುಖ ಒಬ್ಬರು ನೋಡದ ಹಾಗೆ ಆ ಸಂಬಂಧ ಕಟ್ಟಿದ್ದು ಪೇಟೆ.

ಅದರ ಬೆನ್ನಿಗೆ 1876ರಿಂದ 1878ರ ಬರ. ಜನ ಸಾಯುತ್ತಿದ್ದ ಆ ವರ್ಷಗಳಲ್ಲೇ ಹಿಂದೂಸ್ತಾನದಿಂದ ಇಂಗ್ಲೆಂಡಿಗೆ ಗೋಧಿ ಹಡಗು ಹೋಗುತ್ತಲೇ ಇತ್ತು. ಬರದ ಕಾಮಗಾರಿಯಲ್ಲಿ ಮಣ್ಣು ಹೊರುವವರಿಗೆ ದಿನಕ್ಕೆ ಒಂದು ಪೌಂಡು ಕಾಳು, ಮೇಲೆ ಒಂದಾಣೆ ಸಾಕು ಎಂದು 1877ರಲ್ಲಿ ರಿಚರ್ಡ್ ಟೆಂಪಲ್ ಎಂಬ ಅಧಿಕಾರಿ ಗೊತ್ತುಮಾಡಿದ. ಒಂದು ಪೌಂಡು ಅಂದರೆ ಅರ್ಧ ಕಿಲೋಗಿಂತ ಕಡಿಮೆ. ಇದನ್ನು ಒಪ್ಪದೆ ಮುಂಬೈ ಪ್ರಾಂತದ ಎಷ್ಟೋ ಕಾಮಗಾರಿಗಳಲ್ಲಿ ಕೂಲಿಗಳು ಬುಟ್ಟಿ ಇಳಿಸಿ ಎದ್ದು ನಡೆದರು. ಹೊಟ್ಟೆಯಲ್ಲಿ ಅನ್ನವಿಲ್ಲದವರು ಮಾಡಿದ ಮುಷ್ಕರ ಅದು. ಕಾರ್ಮಿಕ ಚಳವಳಿಯ ಚರಿತ್ರೆಯನ್ನು ನಾವು ಗಿರಣಿಯ ಗೇಟಿನಿಂದ ಶುರುಮಾಡುತ್ತೇವೆ. ಅದು ಬರದ ಕಾಮಗಾರಿಯ ಮಣ್ಣಿನ ಗುಂಡಿಯಿಂದ ಶುರುವಾಗಬೇಕು.

ಬರ ಬಂದರೆ ಎಲ್ಲರೂ ಒಂದೇ ಎನ್ನುವುದು ಸುಳ್ಳು. ಹಗೇವಿನಲ್ಲಿ ಜೋಳ ಇದ್ದವನು ಒಂದು ವರ್ಷ ತಡೆದಾನು. ಆಯದ ಕಾಳಿನ ಮೇಲೆ, ಹೊಲದ ಕೂಲಿಯ ಮೇಲೆ ಬದುಕಿದವನಿಗೆ ಮಳೆ ತಪ್ಪಿದ ವಾರವೇ ಒಲೆ ಆರುತ್ತದೆ. ಮಳೆ ತಪ್ಪುವುದು ಪ್ರಕೃತಿಯ ಕೆಲಸ. ಮೊದಲು ಸಾಯುವವರು ಯಾರು ಎಂದು ಗೊತ್ತುಮಾಡುವುದು ಸಮಾಜದ ಕೆಲಸ.

ಈ ಬರದ ನಂತರವೇ ಸರಕಾರಕ್ಕೆ ಕಾಲುವೆಯ ನೆನಪಾಯಿತು, ರೈಲಿನ ನೆನಪಾಯಿತು. 1882ರಲ್ಲಿ ಸದರ್ನ್ ಮರಾಠಾ ರೈಲ್ವೆ ಕಂಪನಿ ಹುಟ್ಟಿತು. ಘಟಪ್ರಭೆಗೆ ಅಡ್ಡಲಾಗಿ, ಜಲಪಾತದ ಮೇಲ್ಗಡೆ, ಧೂಪದಾಳದಲ್ಲಿ ಒಡ್ಡು ಬಂತು. 1885ರಲ್ಲಿ ಗೋಕಾಕ ವಾಟರ್ ಪವರ್ ಅಂಡ್ ಮ್ಯಾನುಫ್ಯಾಕ್ಚರಿಂಗ್ ಕಂಪನಿ ಸ್ಥಾಪನೆಯಾಯಿತು. ಹೆಸರನ್ನು ಗಮನಿಸಿರಿ: ಮೊದಲು ನೀರು, ಆಮೇಲೆ ಶಕ್ತಿ, ಆಮೇಲೆ ತಯಾರಿಕೆ. ಹಿಂದೆ ನಿಂತದ್ದು ಫೋರ್ಬ್ಸ್ ಎಂಬ ವ್ಯಾಪಾರಿ ಮನೆ. 1767ರಲ್ಲಿ ಮುಂಬೈಯಲ್ಲಿ ಕಾಲಿಟ್ಟು ಹತ್ತಿ ಸಾಗಿಸಿ ಬೆಳೆದ ಮನೆ ಅದು. ಸುಮಾರು 170 ಅಡಿ ಎತ್ತರದಿಂದ ಬೀಳುವ ನೀರನ್ನು ಟರ್ಬೈನಿಗೆ ಕೊಟ್ಟು 1887ರ ಹೊತ್ತಿಗೆ ನೂಲಿನ ಗಿರಣಿ ತಿರುಗಿಸಿದರು. ಜಲಪಾತದಿಂದ ವಿದ್ಯುತ್ ತೆಗೆದ ನಮ್ಮ ದೇಶದ ಮೊದಲ ಜಾಗಗಳಲ್ಲಿ ಇದೂ ಒಂದೆಂದು ಹೆಮ್ಮೆಯಿಂದ ಹೇಳುತ್ತಾರೆ. ಹೆಮ್ಮೆ ಇರಲಿ. ಆದರೆ ನದಿಯೊಂದು ಖಾಸಗಿ ಕಂಪನಿಯ ಯಂತ್ರ ತಿರುಗಿಸುವ ಆಳಾದ ಮೊದಲ ಜಾಗಗಳಲ್ಲೂ ಇದು ಒಂದು. ಎರಡೂ ಮಾತು ಒಟ್ಟಿಗೆ ನಿಜ.

3. ಗಿರಣಿ ನಮಗೆ ಏನು ಕೊಟ್ಟಿತು?

ಇಲ್ಲಿ ನಾವು ಒಂದು ಮಾತು ಸ್ಪಷ್ಟ ಹೇಳಬೇಕು. ಯಂತ್ರ ಬಂದು ಹಳ್ಳಿಯ ಸುಂದರ ಬದುಕು ಹಾಳಾಯಿತು ಎಂದು ಅಳುವವರ ಸಾಲಿನಲ್ಲಿ ನಾವಿಲ್ಲ. ಯಾವ ಹಳ್ಳಿ ಸುಂದರ ಇತ್ತು, ಯಾರಿಗೆ ಇತ್ತು? ಊರ ಬಾವಿ ನಮ್ಮದಲ್ಲ, ಕೆರೆಯ ಮೇಲಿನ ದಂಡೆ ನಮ್ಮದಲ್ಲ. ಹರಿಯುವ ಹೊಳೆಯಲ್ಲೂ ದನ ಇಳಿಯುವ ಕಡೆ, ಅಗಸರ ಬಂಡೆಯ ಕೆಳಗೆ ನಮ್ಮ ಕೊಡ. ಸತ್ತ ದನ ಎಳೆಯುವುದು, ಡಂಗುರ ಸಾರುವುದು, ಸರಕಾರಿ ಟಪಾಲು ಹೊತ್ತು ಓಡುವುದು ನಮ್ಮ ಪಾಲು. ಇದಕ್ಕೆ ಪ್ರತಿಯಾಗಿ ಹತ್ತು ಪಾಲಾಗಿ ಹರಿದುಹೋದ ಇನಾಮಿನ ತುಂಡು ಹೊಲ. ಗಿರಣಿಯ ಭೋಂಗಾ ಕೂಗಿದರೆ ಅದು ಜಾತಿ ಕೇಳಿ ಕೂಗುವುದಿಲ್ಲ ಎಂದು ನಂಬಿ ನಮ್ಮ ಮಂದಿ ಶಹರಕ್ಕೆ ಹೋದರು.

ಬಾಬಾಸಾಹೇಬರು ಇದನ್ನು ಚೆನ್ನಾಗಿ ತಿಳಿದಿದ್ದರು. 1945ರ ತಮ್ಮ ಬರಹದಲ್ಲಿ ಅವರು ಯಂತ್ರವನ್ನು ಬೈಯುವ ಗಾಂಧೀವಾದವನ್ನು ಖಂಡಿಸಿದರು. ದುಡಿಯುವವನಿಗೆ ಬಿಡುವು ಕೊಡುವುದು ಯಂತ್ರ, ಬಿಡುವಿಲ್ಲದೆ ಸಂಸ್ಕೃತಿ ಇಲ್ಲ, ತಪ್ಪಿರುವುದು ಯಂತ್ರದಲ್ಲಲ್ಲ, ಅದರ ಲಾಭ ಕೆಲವರ ಕೈಗೆ ಹೋಗುವ ಏರ್ಪಾಟಿನಲ್ಲಿ ಎಂಬುದು ಅವರ ವಾದ. 1942ರಿಂದ 1946ರವರೆಗೆ ವೈಸರಾಯರ ಮಂಡಳಿಯಲ್ಲಿ ಕಾರ್ಮಿಕ ಖಾತೆ ನೋಡಿದಾಗ ದಾಮೋದರ, ಮಹಾನದಿ ಕಣಿವೆಗಳ ದೊಡ್ಡ ನೀರಾವರಿ ಯೋಜನೆಗಳಿಗೆ ದಾರಿ ಹಾಕಿದವರೂ ಅವರೇ.

ಆದರೆ ಯಂತ್ರ ಬಂದರೆ ಜಾತಿ ಹೋಗುತ್ತದೆ ಎಂದು ಅವರು ನಂಬಿ ಕೂಡಲಿಲ್ಲ. ಮುಂಬೈಯ ಗಿರಣಿಗಳಲ್ಲಿ ನೂಲುವ ಖಾತೆಯಲ್ಲಿ ಅಸ್ಪೃಶ್ಯರಿಗೆ ಕೆಲಸ ಇತ್ತು, ಹೆಚ್ಚು ಪಗಾರದ ನೇಯುವ ಖಾತೆಯಲ್ಲಿ ಇರಲಿಲ್ಲ. ಲಾಳಿಯ ನೂಲು ತುಂಡಾದರೆ ಬಾಯಿಂದ ಎಳೆದು ಪೋಣಿಸಬೇಕು. ಅಸ್ಪೃಶ್ಯನ ಎಂಜಲು ತಾಗಿದ ಲಾಳಿಯನ್ನು ಸವರ್ಣ ಕಾರ್ಮಿಕ ಮುಟ್ಟಲಾರ. 1928ರ ದೊಡ್ಡ ಮುಷ್ಕರದ ಹೊತ್ತಿನಲ್ಲಿ ಬಾಬಾಸಾಹೇಬರು ಈ ಪ್ರಶ್ನೆಯನ್ನು ಯೂನಿಯನ್ನುಗಳ ಎದುರೇ ಇಟ್ಟರು. ಗಿರಣಿ ಊರುಗಳ ಇನ್ನೊಂದು ಕಥೆಯೂ ಉಂಟು. ಸೊಲ್ಲಾಪುರ, ಹುಬ್ಬಳ್ಳಿ, ಗದಗಗಳಲ್ಲಿ 'ಅಪರಾಧಿ ಬುಡಕಟ್ಟು' ಎಂದು ಹಣೆಪಟ್ಟಿ ಹಚ್ಚಿದ ಅಲೆಮಾರಿಗಳನ್ನು ತಂತಿಬೇಲಿಯ ಸೆಟ್ಲ್‌ಮೆಂಟಿನಲ್ಲಿ ಕೂಡಿಹಾಕಿ, ಹಾಜರಿ ಹಿಡಿದು ಗಿರಣಿಗೆ ಕಳಿಸುತ್ತಿದ್ದರು. ಹುಟ್ಟಿನಿಂದಲೇ ಕಳ್ಳ ಎನ್ನುವ ಆ ಕಾಯ್ದೆ 1871ರದು. ದೇಶದ ಮಟ್ಟದಲ್ಲಿ ಅದು ಹೋದದ್ದು 1952ರಲ್ಲಿ, ಸ್ವಾತಂತ್ರ್ಯ ಬಂದು ಐದು ವರ್ಷದ ಮೇಲೆ.

1925ರಲ್ಲಿ ಹತ್ತಿರದ ನಿಪ್ಪಾಣಿಗೆ ಬಾಬಾಸಾಹೇಬರು ಬಂದು ಬಹಿಷ್ಕೃತರ ಪ್ರಾಂತೀಯ ಪರಿಷತ್ತಿನ ಅಧ್ಯಕ್ಷತೆ ವಹಿಸಿದರು. ಎರಡು ವರ್ಷದ ಮೇಲೆ, 1927ರಲ್ಲಿ, ಮಹಾಡದ ಕೆರೆ. ನಮ್ಮ ಮೊದಲ ದೊಡ್ಡ ಹೋರಾಟ ನೀರಿನ ಹೋರಾಟವೇ. ಹಾಗಿದ್ದೂ ಈ ದೇಶದ ಪರಿಸರ ಚಳವಳಿಯ ಚರಿತ್ರೆ ಬರೆಯುವವರು ಮಹಾಡದಿಂದ ಶುರುಮಾಡುವುದಿಲ್ಲ. ಯಾಕೆ? ನೀರು ಇದೆಯೇ, ಶುದ್ಧ ಇದೆಯೇ ಎಂಬುದು ಮಾತ್ರ ಅವರ ಪ್ರಶ್ನೆ. ಮುಟ್ಟಬಹುದೇ ಎಂಬುದು ನಮ್ಮ ಪ್ರಶ್ನೆ.

4. ಹುಕ್ಕೇರಿ: ಮುಳುಗಿದ್ದು, ಬೆಳಗಿದ್ದು

ಹುಕ್ಕೇರಿ ತಾಲೂಕಿನ ಹಿಡಕಲ್‌ನಲ್ಲಿ ಅಣೆಕಟ್ಟು ಪೂರ್ತಿಯಾದದ್ದು 1977ರಲ್ಲಿ. ರಾಜಾ ಲಖಮಗೌಡ ಜಲಾಶಯ ಎಂದು ಹೆಸರು, 51 ಟಿಎಂಸಿ ನೀರು. ಹಲವು ಹಳ್ಳಿ ಮುಳುಗಿದವು. ಅದರಲ್ಲಿ ಹುನ್ನೂರಿನ ವಿಠ್ಠಲನ ಗುಡಿಯೂ ಒಂದು. ಬೇಸಿಗೆಯಲ್ಲಿ ನೀರು ಇಳಿದರೆ ಕಲ್ಲಿನ ಗುಡಿ ಎದ್ದು ಕಾಣುತ್ತದೆ, ಪೇಪರಿನವರು ಫೋಟೋ ಹಾಕುತ್ತಾರೆ, ಮಂದಿ ನೋಡಲು ಹೋಗುತ್ತಾರೆ. ಕಲ್ಲಿನ ಗುಡಿ ನೀರಿನಲ್ಲಿ ಉಳಿಯುತ್ತದೆ. ಮಣ್ಣಿನ ಗೋಡೆಯ ಕೇರಿ ಕರಗುತ್ತದೆ. ಆದ್ದರಿಂದ ನೀರು ಎಷ್ಟು ಇಳಿದರೂ ಕೇರಿ ಮೇಲೆ ಬರುವುದಿಲ್ಲ, ಅದರ ಫೋಟೋ ಯಾವ ಪೇಪರಿನಲ್ಲೂ ಬರುವುದಿಲ್ಲ.

ಪರಿಹಾರದ ವ್ಯಾಕರಣ ಗೊತ್ತಿದ್ದವರಿಗೆ ಇದು ಹೊಸದಲ್ಲ. ಪಹಣಿಯಲ್ಲಿ ಹೆಸರಿದ್ದವನಿಗೆ ಹೊಲದ ಹಣ. ಉತಾರ ಇದ್ದವನಿಗೆ ಮನೆಯ ಹಣ. ಆ ಹೊಲದಲ್ಲಿ ಮೂರು ತಲೆಮಾರು ಸಂಬಳದಾಳಾಗಿ ದುಡಿದವನು ಯಾವ ಕಾಲಮ್ಮಿನಲ್ಲಿ ಬರುತ್ತಾನೆ? ಅವನು ಕಳೆದುಕೊಂಡದ್ದು ಕೆಲಸ, ಹೊಳೆಯ ಮೀನು, ಗೋಮಾಳದ ಉರವಲು. ಇವಕ್ಕೆ ದರಪಟ್ಟಿ ಇಲ್ಲ.

ಅದೇ ಹುಕ್ಕೇರಿಯಲ್ಲಿ ಇನ್ನೊಂದು ಕಥೆ ನಡೆಯಿತು. 1969ರಲ್ಲಿ ಹುಕ್ಕೇರಿ ಗ್ರಾಮೀಣ ವಿದ್ಯುತ್ ಸಹಕಾರ ಸಂಘ ಸ್ಥಾಪನೆಯಾಯಿತು. ಮುಂದೆ ನಿಂತವರು ಸಂಕೇಶ್ವರದ ಸಹಕಾರಿ ಸಕ್ಕರೆ ಕಾರ್ಖಾನೆಯನ್ನೂ ಕಟ್ಟಿದ ಅಪ್ಪಣಗೌಡ ಪಾಟೀಲರು. ದೇಶದಲ್ಲಿ ಪ್ರಯೋಗವೆಂದು ಆರಿಸಿದ ಐದು ಸಂಘಗಳಲ್ಲಿ ಇದೊಂದು. ಉಳಿದವು ಗುಜರಾತದ ಕೋಡಿನಾರ, ಮಹಾರಾಷ್ಟ್ರದ ಮುಳಾ-ಪ್ರವರಾ, ಆಂಧ್ರದ ಸಿರಿಸಿಲ್ಲ, ಉತ್ತರಪ್ರದೇಶದ ಲಖನೌ. ಮಾದರಿ ಎಲ್ಲಿಯದು? ಅಮೆರಿಕದ ಗ್ರಾಮೀಣ ವಿದ್ಯುತ್ ಸಹಕಾರಿಗಳದು. ಹಣ? ಪಿ.ಎಲ್. 480 ಎಂಬ 1954ರ ಅಮೆರಿಕನ್ ಕಾನೂನಿನ ಕೆಳಗೆ ನಮಗೆ ಗೋಧಿ ಮಾರಿದರು. ಅದರ ಬೆಲೆ ರೂಪಾಯಿಯಲ್ಲಿ ಇಲ್ಲೇ ಕೂಡಿಬಿದ್ದಿತ್ತು. ಆ ರೂಪಾಯಿಯ ಒಂದು ಭಾಗ 1969ರಲ್ಲೇ ಹುಟ್ಟಿದ ಗ್ರಾಮೀಣ ವಿದ್ಯುತ್ ನಿಗಮದ ಬಂಡವಾಳವಾಯಿತು. ಬಡವ ರೇಶನ್ ಅಂಗಡಿಯಲ್ಲಿ ಕೊಂಡು ತಿಂದ ಗೋಧಿಯ ರೊಕ್ಕ ಸುತ್ತುಹಾಕಿ ಹಳ್ಳಿಗೆ ಕರೆಂಟಾಗಿ ಬಂತು. 1991ಕ್ಕಿಂತ ಇಪ್ಪತ್ತೆರಡು ವರ್ಷ ಮೊದಲಿನ ಮಾತು ಇದು.

ಈ ಸಂಘ ಇವತ್ತಿಗೂ ನಡೆದಿದೆ, ಕರ್ನಾಟಕದಲ್ಲಿ ಇಂಥದ್ದು ಇದೊಂದೇ. ಒಳ್ಳೆಯದೇ. ಆದರೆ ಕರೆಂಟು ಯಾರ ಮನೆಗೆ ಏನಾಗಿ ಬಂತು ಎಂದು ಕೇಳಬೇಕು. ಬಾವಿ ಇದ್ದವನಿಗೆ ಅದು ಪಂಪಾಗಿ ಬಂತು. ಬಾವಿ ಬೇಕಾದರೆ ಹೊಲ ಬೇಕು. ಹೊಲ ಇಲ್ಲದ ಬಡವರ ಗುಡಿಸಲಿಗೆ ಸರಕಾರ ಎಪ್ಪತ್ತರ ದಶಕದ ಕೊನೆಗೆ ಭಾಗ್ಯಜ್ಯೋತಿ ತಂದಿತು: ಒಂದು ಮನೆಗೆ ಒಂದು ಬಲ್ಬು, 40 ವ್ಯಾಟ್. ಐದು ಎಚ್.ಪಿ. ಪಂಪು ಎಂದರೆ ಸುಮಾರು 3,700 ವ್ಯಾಟ್. ಶಾಲೆಯ ಮಕ್ಕಳಿಗೆ ಲೆಕ್ಕ ಹಾಕಲು ಕೊಡಿರಿ: ಒಂದು ಪಂಪಿಗೆ ತೊಂಬತ್ತಕ್ಕೂ ಹೆಚ್ಚು ಗುಡಿಸಲು. ಬಲ್ಬು ಬೆಳಕು ಕೊಡುತ್ತದೆ, ಪಂಪು ಬೆಳೆ ಕೊಡುತ್ತದೆ, ಬೆಳೆ ಷೇರು ಕೊಡುತ್ತದೆ, ಷೇರು ಮತ ಕೊಡುತ್ತದೆ.

5. ಮೂಡಲಗಿ: ಕಬ್ಬಿನ ರಾಜ್ಯ

ಮೂಡಲಗಿ ಗೋಕಾಕದಿಂದ ಬೇರೆಯಾಗಿ ತಾಲೂಕಾದದ್ದು ತೀರ ಈಚೆಗೆ. ಆದರೆ ಧೂಪದಾಳದಿಂದ ಹೊರಟ ಎಡದಂಡೆ ಕಾಲುವೆ ಈ ಸೀಮೆಯನ್ನು ಯಾವಾಗಲೋ ಬದಲಿಸಿತ್ತು. ಜೋಳ, ಹತ್ತಿ, ಕಡಲೆ, ಕುಸುಬೆಯ ಎರಿ ಭೂಮಿಯಲ್ಲಿ ಕಬ್ಬು ಬಂತು.

ನೀರು ಬಂದ ಹೊತ್ತಿನಲ್ಲಿ ಹೊಲ ಯಾರ ಕೈಯಲ್ಲಿತ್ತು ಎಂಬುದೇ ಎಲ್ಲದರ ಕೀಲಿ. ನಮ್ಮವರ ಕೈಯಲ್ಲಿದ್ದದ್ದು ವತನದ ತುಂಡು. 1928ರಷ್ಟು ಹಿಂದೆಯೇ ಬಾಬಾಸಾಹೇಬರು ಮುಂಬೈ ಶಾಸನಸಭೆಯಲ್ಲಿ ವತನದ ಗುಲಾಮಗಿರಿ ತೆಗೆಯಲು ಮಸೂದೆ ತಂದರು, ಆಗಲಿಲ್ಲ. ನಮ್ಮ ರಾಜ್ಯದಲ್ಲಿ ಗ್ರಾಮ ಹುದ್ದೆಗಳ ರದ್ದತಿ ಕಾಯ್ದೆ 1961ರಲ್ಲಿ ಆಯಿತು, ಜಾರಿಗೆ ಬಂದದ್ದು 1963ರಲ್ಲಿ. ಅಷ್ಟರೊಳಗೆ ಎಷ್ಟೋ ತುಂಡು ಸಾಲಕ್ಕೆ ಅಡವಾಗಿ ಹೋಗಿದ್ದವು. 1974ರ ಭೂಸುಧಾರಣೆ ಗೇಣಿದಾರನನ್ನು ಒಡೆಯನನ್ನಾಗಿ ಮಾಡಿತು. ಅದು ದೊಡ್ಡ ಕೆಲಸ, ಅಲ್ಲಗಳೆಯುವುದಿಲ್ಲ. ಆದರೆ ನಮೂನೆ 7 ತುಂಬಲು ಗೇಣಿದಾರನಾಗಿರಬೇಕು. ಜೀತದವನು, ಸಂಬಳದಾಳು, ದಿನಗೂಲಿಯವಳು ಗೇಣಿದಾರರಲ್ಲ. ದುಡಿದವನಿಗೆ ಹೊಲ ಎಂದು ಘೋಷಣೆ ಕೂಗಿದ ಕಾಯ್ದೆಯಲ್ಲಿ ಎಲ್ಲರಿಗಿಂತ ಹೆಚ್ಚು ದುಡಿದವರಿಗೆ ಅರ್ಜಿಯೇ ಇರಲಿಲ್ಲ. ಪರಿಶಿಷ್ಟರಿಗೆ ಮಂಜೂರಾದ ಜಮೀನು ಪರಭಾರೆ ಆಗಬಾರದೆಂಬ ಕಾಯ್ದೆ ಬಂದದ್ದು 1978ರಲ್ಲಿ. ಮಂಜೂರಾದದ್ದೂ ಹೆಚ್ಚಾಗಿ ಮರಡಿ, ಕಲ್ಲುಭೂಮಿ. ಕಾಲುವೆಯ ನೀರು ಏರಿಗೆ ಹತ್ತೋದಿಲ್ಲ.

ಹೀಗಾಗಿ ಮೂರು ಸಲ ಸೋಸಿದ ಮೇಲೆ ನೀರು ಹೊಲ ಮುಟ್ಟಿತು. ಮುಟ್ಟಿದ ಹೊಲಕ್ಕಾದರೂ ಸುಖ ಬಂತೇ? ಕಬ್ಬು ವರ್ಷದುದ್ದ ನಿಲ್ಲುವ ಬೆಳೆ. ಒಂದು ಕಿಲೋ ಸಕ್ಕರೆಯ ಹಿಂದೆ ಒಂದೂವರೆಯಿಂದ ಎರಡು ಸಾವಿರ ಲೀಟರ್ ನೀರು. ಎರಿ ಮಣ್ಣು ನೀರನ್ನು ಕೆಳಗೆ ಬಿಡುವುದು ನಿಧಾನ. ಬಸಿಗಾಲುವೆ ಇಲ್ಲದೆ ಹಾಯಿಸಿದ ನೀರು ಒಳಗೇ ನಿಂತು ಮೇಲಕ್ಕೆ ಏರುತ್ತದೆ, ನೆಲದೊಳಗಿನ ಉಪ್ಪನ್ನು ಹೊತ್ತು ತರುತ್ತದೆ, ಬಿಸಿಲಿಗೆ ನೀರು ಆರಿ ಉಪ್ಪು ಉಳಿಯುತ್ತದೆ. ಇದಕ್ಕೆ ನಮ್ಮ ಕಡೆ ಸವಳು-ಜವಳು ಎನ್ನುತ್ತಾರೆ. ಘಟಪ್ರಭಾ ಅಚ್ಚುಕಟ್ಟಿನಲ್ಲಿ ಇಂಥ ಹೊಲ ಬೆಳ್ಳಗೆ ಹೊಳೆಯುವುದನ್ನು ಯಾರೂ ನೋಡಬಹುದು. ದೊಡ್ಡ ಹಿಡುವಳಿದಾರ ಹತ್ತು ಎಕರೆ ಸವಳಾದರೆ ಉಳಿದ ಇಪ್ಪತ್ತರಲ್ಲಿ ಬೆಳೆಯುತ್ತಾನೆ. ಎರಡು ಎಕರೆಯವನು ಕೂಲಿಗೆ ಹೋಗುತ್ತಾನೆ.

ಸಹಕಾರಿ ಕಾರ್ಖಾನೆಯಲ್ಲಿ ಷೇರುದಾರನಾಗಲು ಕಬ್ಬು ಇರಬೇಕು. 1998ರಲ್ಲಿ ಸಕ್ಕರೆಗೆ ಲೈಸೆನ್ಸ್ ಪದ್ಧತಿ ಹೋಯಿತು, ಖಾಸಗಿ ಕಾರ್ಖಾನೆಗಳು ಸಾಲಾಗಿ ಎದ್ದವು. ಕಾರ್ಖಾನೆ ಒಡೆತನ ಮತ್ತು ಶಾಸಕತ್ವ ಒಂದೇ ಅಂಗಳದಲ್ಲಿ ಆಡುವುದನ್ನು ಈ ಜಿಲ್ಲೆಯ ಮಂದಿಗೆ ನಾವು ಹೇಳಿಕೊಡಬೇಕಿಲ್ಲ. ಪಕ್ಷ ಯಾವುದಾದರೂ ಇರಲಿ.

ಬೆಲೆ ಮಾತ್ರ ಇಲ್ಲಿ ಗೊತ್ತಾಗುವುದಿಲ್ಲ. ಭಾರತ ಕಬ್ಬಿಗೆ ಹೆಚ್ಚು ಬೆಂಬಲ ಕೊಡುತ್ತದೆ ಎಂದು ಬ್ರೆಜಿಲ್, ಆಸ್ಟ್ರೇಲಿಯಾ, ಗ್ವಾಟೆಮಾಲಾಗಳು 2019ರಲ್ಲಿ ವಿಶ್ವ ವ್ಯಾಪಾರ ಸಂಸ್ಥೆಗೆ ದೂರು ಕೊಟ್ಟವು. 2021ರ ಡಿಸೆಂಬರಿನಲ್ಲಿ ತೀರ್ಪು ನಮ್ಮ ವಿರುದ್ಧ ಬಂತು, ಭಾರತ ಮೇಲ್ಮನವಿ ಹಾಕಿತು. 2022ರಿಂದ ದಿಲ್ಲಿ ಸಕ್ಕರೆ ರಫ್ತಿಗೆ ಕಡಿವಾಣ ಹಾಕಿತು. ಪೆಟ್ರೋಲಿಗೆ ಇಥೆನಾಲ್ ಬೆರೆಸುವ ಪ್ರಮಾಣ 2025ರಲ್ಲಿ ನೂರಕ್ಕೆ ಇಪ್ಪತ್ತು ಮುಟ್ಟಿತು. ಜಿನೀವಾ, ದಿಲ್ಲಿ, ಸಾವೊ ಪಾಲೊ ಮೂರೂ ಕೂಡಿ ಮೂಡಲಗಿಯ ತೂಕದ ಕಾಟಾ ಮೇಲೆ ಕೂತಿವೆ.

2013ರ ನವೆಂಬರಿನಲ್ಲಿ ಬೆಳಗಾವಿಯ ಸುವರ್ಣ ವಿಧಾನಸೌಧದ ಹೊರಗೆ ಕಬ್ಬಿನ ಬೆಲೆ ಚಳವಳಿಯಲ್ಲಿ ರೈತನೊಬ್ಬ ವಿಷ ಕುಡಿದು ಸತ್ತ. 2025ರ ನವೆಂಬರಿನಲ್ಲಿ ಮೂಡಲಗಿ ತಾಲೂಕಿನ ಗುರ್ಲಾಪುರ ಕ್ರಾಸಿನಲ್ಲಿ ಸಾವಿರಾರು ರೈತರು ರಸ್ತೆಯ ಮೇಲೆ ಕೂತರು. ಟನ್ನಿಗೆ 3,500 ಕೇಳಿದರು, 3,300ಕ್ಕೆ ಒಪ್ಪಂದವಾಯಿತು. ನಾವು ಈ ಹೋರಾಟದ ಜೊತೆಗೇ ಇದ್ದೇವೆ. ಜೊತೆಗಿದ್ದೇ ಒಂದು ಪ್ರಶ್ನೆ ಕೇಳುತ್ತೇವೆ.

ಕೇಂದ್ರ ಗೊತ್ತುಮಾಡುವ ದರ ಕಾರ್ಖಾನೆಯ ಗೇಟಿನದು. ಕಡಿಯುವ ಮತ್ತು ಸಾಗಿಸುವ ಖರ್ಚು ಕಳೆದು ರೈತನ ಕೈಗೆ ಬರುತ್ತದೆ. ಅಂದರೆ ಕಡಿಯುವವನ ಕೂಲಿ ಹೆಚ್ಚಾದರೆ ರೈತನ ಪಾಲು ಕಡಿಮೆ ಕಾಣುವ ಹಾಗೆ ಲೆಕ್ಕ ಕಟ್ಟಿದ್ದಾರೆ. ಕಾರ್ಖಾನೆಯ ಲಾಭ ಈ ಜಗಳದ ಹೊರಗೆ ತಣ್ಣಗೆ ಕೂತಿದೆ. ಬಡವ ಬಡವನನ್ನೇ ದುರುಗುಟ್ಟಿ ನೋಡುವ ಹಾಗೆ ಮಾಡುವುದು ಹಳೆಯ ವಿದ್ಯೆ, ಜಾತಿ ಪದ್ಧತಿ ಕಲಿಸಿದ ವಿದ್ಯೆ.

ಕಡಿಯುವವರು ಯಾರು? ಕೇರಿಯವರು, ತಾಂಡಾದವರು, ವಿಜಯಪುರ, ಕಲಬುರಗಿಯ ಬರದ ಊರಿನವರು, ಮಹಾರಾಷ್ಟ್ರದ ಬೀಡ ಕಡೆಯವರು. ಮುಂಗಡ ತೆಗೆದುಕೊಂಡ ದಿನದಿಂದ ಆರು ತಿಂಗಳು ಅವರ ಮೈ ಅವರದಲ್ಲ. 1976ರಲ್ಲಿ ಜೀತ ರದ್ದಾಯಿತು ಎಂದು ಕಾಯ್ದೆ ಹೇಳುತ್ತದೆ. ಬೀಡ ಕಡೆಯ ತಂಡಗಳಲ್ಲಿ ಗಂಡ-ಹೆಂಡತಿ ಇಬ್ಬರನ್ನೂ ಸೇರಿಸಿ ಒಂದು 'ಕೋಯ್ತಾ' ಎಂದು ಎಣಿಸುತ್ತಾರೆ. ಕೋಯ್ತಾ ಎಂದರೆ ಕಬ್ಬು ಕಡಿಯುವ ಕತ್ತಿ. ಇಬ್ಬರು ಮನುಷ್ಯರು, ಲೆಕ್ಕದಲ್ಲಿ ಒಂದು ಕತ್ತಿ. ಮುಟ್ಟಿನ ದಿನ ಕೆಲಸ ತಪ್ಪಿದರೆ ದಂಡ ಬೀಳುತ್ತದೆ ಎಂದು ಚಿಕ್ಕ ವಯಸ್ಸಿಗೇ ಗರ್ಭಕೋಶ ತೆಗೆಸಿಕೊಂಡ ಬೀಡ ಹೆಣ್ಣುಮಕ್ಕಳ ಸುದ್ದಿ 2019ರಲ್ಲಿ ದೇಶಕ್ಕೆ ಗೊತ್ತಾಯಿತು. ಅಲ್ಲಿನ ಸರಕಾರ ಸಮಿತಿ ನೇಮಿಸಬೇಕಾಯಿತು. ಸಕ್ಕರೆಯ ಪರಿಸರ ಪರಿಣಾಮ ಬರೆಯುವವರು ಮಣ್ಣು, ನೀರು, ಗಾಳಿ ಎಂದು ಮೂರು ಅಧ್ಯಾಯ ಬರೆಯುತ್ತಾರೆ. ನಾಲ್ಕನೆಯದು ಹೆಣ್ಣಿನ ಮೈ.

6. ಹೊಳೆ ತಿರುಗಿ ಬಂದಾಗ

2005ರಲ್ಲಿ, 2019ರ ಆಗಸ್ಟಿನಲ್ಲಿ, 2021ರಲ್ಲಿ, 2024ರಲ್ಲಿ ಘಟಪ್ರಭೆ ಗೋಕಾಕದ ಕಡೆ ಉಕ್ಕಿತು. 2019ರದು ಎಲ್ಲಕ್ಕಿಂತ ಭೀಕರ. ಘಟ್ಟದಲ್ಲಿ ಒಂದೇ ಸಮನೆ ಮಳೆ, ಹಿಡಕಲ್ ತುಂಬಿ ಬಾಗಿಲು ತೆರೆದರು, ಮಾರ್ಕಂಡೇಯವೂ ಉಕ್ಕಿ ಬಂತು, ಲೋಳಸೂರ ಸೇತುವೆ ಮುಳುಗಿತು, ಗೋಕಾಕ ಪೇಟೆಯೊಳಗೆ ನೀರು ಹೊಕ್ಕಿತು. ಭೂಮಿ ಬಿಸಿಯಾದಂತೆ ಇಂಥ ದಿಢೀರ್ ಮಳೆ ಹೆಚ್ಚುತ್ತದೆ ಎಂದು ವಿಜ್ಞಾನಿಗಳು ಹೇಳುತ್ತಾರೆ. ಹೊಗೆ ಬಿಟ್ಟವರು ಯಾರು, ನೀರಿನಲ್ಲಿ ನಿಂತವರು ಯಾರು? ಇದು ಇಂಗ್ಲೆಂಡ್, ಅಮೆರಿಕಗಳಿಗೂ ಭಾರತಕ್ಕೂ ನಡುವಿನ ಪ್ರಶ್ನೆ ಮಾತ್ರ ಅಲ್ಲ, ಊರಿಗೂ ಕೇರಿಗೂ ನಡುವಿನ ಪ್ರಶ್ನೆ ಕೂಡ. ಕೇರಿ ತಗ್ಗಿನಲ್ಲಿ ಯಾಕಿದೆ? ಊರಿನ ನೀರು ಹರಿದು ಬರುವ ಕಡೆಗೇ ಅದನ್ನು ಇಟ್ಟರು. ಪ್ರವಾಹದ ನಕಾಶೆ ತೆಗೆದು ಅದರ ಮೇಲೆ ಜಾತಿಯ ನಕಾಶೆ ಇಟ್ಟು ನೋಡಿರಿ.

1974ರಲ್ಲಿ ಧೂಪದಾಳದ ಹಿನ್ನೀರನ್ನು ಪಕ್ಷಿಧಾಮ ಎಂದು ಸಾರಿದರು. ದೂರ ದೇಶದಿಂದ ಕೊಕ್ಕರೆ, ಕ್ರೌಂಚಗಳು ಬರುತ್ತವೆ. ಬರಲಿ, ಅವುಗಳನ್ನು ಎಣಿಸಲಿ, ಕಾಯಲಿ. ಪ್ರತಿ ಹಂಗಾಮಿಗೆ ಇದೇ ನೀರಿನ ದಂಡೆಗೆ ಜೋಪಡಿ ಹಾಕಲು ಬರುವ ಕಬ್ಬು ಕಡಿಯುವವರನ್ನೂ ಎಣಿಸಲಿ ಎಂದು ಮಾತ್ರ ನಾವು ಕೇಳುವುದು. ಅವರ ಮಕ್ಕಳ ಶಾಲೆ, ಕುಡಿಯುವ ನೀರು, ಹೆರಿಗೆಯ ಖರ್ಚು ಕಾರ್ಖಾನೆಯ ಲೆಕ್ಕದಲ್ಲಿ ಬರಲಿ, ರೈತನ ಲೆಕ್ಕದಲ್ಲಿ ಅಲ್ಲ.

ಗೆಳೆಯರೇ, ಈ ಚರಿತ್ರೆ ಇನ್ನೂ ಬರೆದು ಆಗಿಲ್ಲ. ಅದರ ಕಾಗದಪತ್ರ ಲಂಡನ್ನಿನಲ್ಲಿ, ಮುಂಬೈಯಲ್ಲಿ ಅರ್ಧ ಇದ್ದರೆ ಉಳಿದ ಅರ್ಧ ನಮ್ಮ ಕೇರಿಯ ಮುದುಕಿಯರ ಬಾಯಲ್ಲಿ ಇದೆ. ಹಳ್ಳಿಯ ಶಾಲೆಯ ಮಾಸ್ತರರು, ಕಾಲೇಜಿನ ಹುಡುಗ-ಹುಡುಗಿಯರು ಒಂದು ಬೇಸಿಗೆ ರಜೆಯನ್ನು ಇದಕ್ಕೆ ಕೊಡಿರಿ. ನಿಮ್ಮ ಊರಿನಲ್ಲಿ ಕಾಲುವೆ ನೀರು ಮುಟ್ಟುವ ಸರ್ವೆ ನಂಬರುಗಳನ್ನು ಬರೆಯಿರಿ, ಎದುರಿಗೆ ಪಹಣಿಯ ಹೆಸರು ಬರೆಯಿರಿ. ವತನದ ಹೊಲ ಯಾವಾಗ, ಎಷ್ಟು ಸಾಲಕ್ಕೆ, ಯಾರ ಕೈಗೆ ಹೋಯಿತು ಕೇಳಿರಿ. ಹಿಡಕಲ್‌ನಲ್ಲಿ ಮುಳುಗಿದ ಕೇರಿಯವರು ಈಗ ಎಲ್ಲಿದ್ದಾರೆ ಹುಡುಕಿರಿ. ಸವಳಾದ ಹೊಲ ಎಷ್ಟು, ಯಾರದು ಅಳೆಯಿರಿ. ಬರೆದದ್ದನ್ನು ನಮ್ಮ ಪತ್ರಿಕೆಗೆ ಕಳಿಸಿರಿ, ಒಂದು ಪ್ರತಿಯನ್ನು ಊರಿನ ಚಾವಡಿಯಲ್ಲೂ ಓದಿರಿ. ಮುಂದಿನ ಸಲ ಗುರ್ಲಾಪುರ ಕ್ರಾಸಿನಲ್ಲಿ ಪೆಂಡಾಲು ಎದ್ದಾಗ ಬೇಡಿಕೆಗಳ ಪಟ್ಟಿಯಲ್ಲಿ ಕಬ್ಬಿನ ದರದ ಕೆಳಗೆ ಕಡಿಯುವವರ ಕೂಲಿಯ ದರವೂ ಇರಬೇಕು. ಅದನ್ನು ಬರೆಸುವ ಕೆಲಸ ನಮ್ಮದು.